ಪರ್ಕಿಸ್ ಮಾಷ್ಟ್ರ ಲೈಟ್ ಮ್ಯೂಸಿಕ್

ಶ್ರೀಪತಿಗೆ ಒಂದು ಕೆಲಸ ಹೇಳುವ ಮೊದಲು ಎರಡು ಸಲ ಯೋಚಿಸಬೇಕೆಂಬುದು ಮಲೇಷ್ಯಾದ ಕನ್ನಡ ಬಳಗದಲ್ಲಿ ಎಲ್ಲರಿಗೂ ಗೊತ್ತಿದ್ದ ವಿಷಯ. ಮನುಷ್ಯ ಸೋಮಾರಿ ಅಂತಲ್ಲ. ಗಣಪತಿ ಮಾಡು ಅಂದರೆ ಅವರಪ್ಪನನ್ನೂ ಮಾಡಿ, ಬಣ್ಣ ಬಳಿದು, ಹಾರ ಹಾಕಿ ತಂದು ನಿಲ್ಲಿಸುವ ಆಸಾಮಿ. ಮೈಸೂರಿನವನು, ಸೈಬರ್‌ಜಯಾದಲ್ಲಿ ಸಾಫ್ಟ್‌ವೇರ್ ಮ್ಯಾನೇಜರು, ಬಳಗದ ಕಾರ್ಯದರ್ಶಿ. ಮಕ್ಕಳ ಸುಗಮ ಸಂಗೀತ ಸ್ಪರ್ಧೆಗೆ ಒಬ್ಬ ತೀರ್ಪುಗಾರರನ್ನು ಹುಡುಕಿಕೊಡಿ ಎಂದು ಗುಲಾಬಿ ಅವನಿಗೆ ಹೇಳಿದ್ದೇ ತಪ್ಪಾಯಿತು.

ಗುಲಾಬಿ ಉಡುಪಿ ಕಡೆಯವಳು. ಗಂಡ ಡಾಕ್ಟರ್ ಐತಪ್ಪ ಮೆಡಿಕಲ್ ಕಾಲೇಜಿನಲ್ಲಿ ಪಾಠ ಮಾಡುತ್ತಿದ್ದರು. ಸುಬಾಂಗ್ ಜಯಾದ ಅವರ ಮನೆಯ ಹಾಲಿನಲ್ಲಿ ಪ್ರತಿ ಭಾನುವಾರ ಒಂದಷ್ಟು ಮಕ್ಕಳು ಸೇರುತ್ತಿದ್ದರು. ಗುಲಾಬಿ ಹಾರ್ಮೋನಿಯಂ ಹಿಡಿದು ಕನ್ನಡ ಕವಿತೆಗಳನ್ನು ಹಾಡಿಸುತ್ತಿದ್ದಳು. ಮಕ್ಕಳು ಇಂಗ್ಲಿಷ್ ಅಕ್ಷರದಲ್ಲಿ ಬರೆದುಕೊಂಡು, ‘ಳ’ ಬರುವಲ್ಲೆಲ್ಲ ‘ಲ’ ಹಾಕಿ ಹಾಡುತ್ತಿದ್ದವು. ಅವಳೂ ಒಂದು ಕಾಲದಲ್ಲಿ ಮಂಗಳೂರು ಆಕಾಶವಾಣಿಯಲ್ಲಿ ಹಾಡಿದವಳು. ಲೈಟ್ ಮ್ಯೂಸಿಕ್, ಬಿ ಗ್ರೇಡ್.

ಈ ‘ಲೈಟ್ ಮ್ಯೂಸಿಕ್’ ಎಂಬ ಮಾತಿನಲ್ಲೇ ಇರುವುದು ಎಡವಟ್ಟು. ನಮ್ಮವರಿಗೆ ಅದರ ಅರ್ಥ ಕೇಳಬೇಕಾಗಿಯೇ ಇಲ್ಲ. ಕವಿಯೊಬ್ಬನ ಕವಿತೆ, ಅದಕ್ಕೊಂದು ಧಾಟಿ, ಪಕ್ಕದಲ್ಲಿ ಹಾರ್ಮೋನಿಯಂ, ತಬಲಾ. ಕನ್ನಡದಲ್ಲಿ ಸುಗಮ ಸಂಗೀತ, ಇಂಗ್ಲಿಷಿನಲ್ಲಿ ಲೈಟ್ ಮ್ಯೂಸಿಕ್. ಶಾಲೆಯ ಬಹುಮಾನದ ಸರ್ಟಿಫಿಕೇಟಿನಿಂದ ಹಿಡಿದು ರೇಡಿಯೋ ಆಡಿಷನ್ನಿನವರೆಗೆ ಎಲ್ಲ ಕಡೆಯೂ ಹೀಗೇ ಬರೆಯುತ್ತಾರೆ. ಜಗತ್ತಿನಲ್ಲಿ ಬೇರೆ ಯಾರಾದರೂ ಈ ಎರಡು ಪದಗಳನ್ನು ಇಟ್ಟುಕೊಂಡು ಬೇರೇನಾದರೂ ಮಾಡುತ್ತಿರಬಹುದು ಎಂಬ ಸಂಶಯ ಒಬ್ಬ ಕನ್ನಡಿಗನಿಗೂ ಬಂದದ್ದಿಲ್ಲ. ಶ್ರೀಪತಿಗಂತೂ ಸಂಶಯ ಎಂಬುದೇ ಹುಟ್ಟಿನಿಂದ ಇರಲಿಲ್ಲ.

“ಮೇಡಂ, ಹೊಡೀತು ನೋಡಿ ಲಾಟ್ರಿ!” ಎಂದು ಅವನು ಫೋನಿನಲ್ಲಿ ಕೂಗಿದ. “ಲೈಟ್ ಮ್ಯೂಸಿಕ್ ಕಂಪೋಸರ್ ಅಂತ ಹುಡುಕ್ದೆ. ನಮ್ ಸುಬಾಂಗ್ ಜಯಾದಲ್ಲೇ ಒಬ್ರು ಇದಾರೆ! ಡೆಸ್ಮಂಡ್ ಪರ್ಕಿಸ್ ಅಂತ, ಬ್ರಿಟಿಷರು. ಜೀವಮಾನವೆಲ್ಲ ಲೈಟ್ ಮ್ಯೂಸಿಕ್ಕೇ ಮಾಡಿದಾರಂತೆ, ನಾಟಕಕ್ಕೂ ಮಾಡಿದಾರಂತೆ. ಇಲ್ಲಿಯವರನ್ನೇ ಮದುವೆಯಾಗಿ, ರಿಟೈರ್ ಆಗಿ ಇಲ್ಲೇ ಸೆಟ್ಲ್ ಆಗಿದಾರೆ.”

“ಬ್ರಿಟಿಷರು ಭಾವಗೀತೆ ಮಾಡುವುದಾ? ಎಂತ ಮಾರಾಯ್ರೆ ನಿಮ್ದು? ಸ್ವಲ್ಪ ವಿಚಾರಿಸಿ ಮೊದಲು.”

“ವಿಚಾರಿಸೋದೇನು ಮೇಡಂ, ಮೇಲ್ ಹಾಕಾಯ್ತು. ಲೈಟ್ ಮ್ಯೂಸಿಕ್ಕಿಗೆ ನಿಮ್ಮ ಸೇವೆ ನಮ್ಮ ಜನ ಎಂದೂ ಮರೆಯಲ್ಲ ಅಂತ ಬರ್ದೆ. ಅರ್ಧ ಗಂಟೇಲಿ ರಿಪ್ಲೈ ಬಂತು. ಪಾಪ, ತುಂಬಾ ಖುಷಿಯಾಗ್ಬಿಟ್ಟಿದಾರೆ. ಶನಿವಾರ ಟೀಗೆ ಕರ್ದಿದಾರೆ, ನೀವೂ ಬರ್ಬೇಕು.”

ರೈಲು ಹಳಿಯ ಪಕ್ಕದ ಹಳೆಯ ಕಾಂಡೋ ಅಪಾರ್ಟ್‌ಮೆಂಟು. ಗೇಟಿನ ಗಾರ್ಡು ಇವರ ಹೆಸರು ಕೇಳಿದವನೇ, “ಅಂಕಲ್ ಬೆಳಿಗ್ಗೆಯಿಂದ ಮೂರು ಸಲ ಕೆಳಗೆ ಬಂದು ಗೆಸ್ಟ್ ಬಂದ್ರಾ ಅಂತ ಕೇಳಿ ಹೋದರು ಲಾ,” ಎಂದು ಅಲ್ಲಿಯವರ ಧಾಟಿಯಲ್ಲಿ ಹೇಳಿ ನಕ್ಕ.

ಬಾಗಿಲು ತೆರೆದವರಿಗೆ ಎಂಬತ್ತೈದು ದಾಟಿತ್ತು. ಸುಬಾಂಗಿನ ಆ ಸೆಕೆಯಲ್ಲಿ ಟೈ ಕಟ್ಟಿಕೊಂಡಿದ್ದರು. ಮೇಜಿನ ಮೇಲೆ ಕರಿಪಫ್, ಬಣ್ಣಬಣ್ಣದ ಮಲಾಯ್ ಸಿಹಿತಿಂಡಿ, ಹೂವಿನ ಚಿತ್ರದ ಕಪ್ಪುಗಳು. ಗೋಡೆಯ ತುಂಬ ಹಳೆಯ ಫೋಟೊಗಳು. ಒಂದರಲ್ಲಿ ಸಮುದ್ರದ ದಂಡೆಯ ಮೇಲೆ ಇಡೀ ವಾದ್ಯವೃಂದ, ಮುಂದೆ ಕೋಲು ಹಿಡಿದ ಹತ್ತೊಂಬತ್ತು ಇಪ್ಪತ್ತರ ಹುಡುಗ. ಪಿಟೀಲುಗಳು, ಕೊಳಲುಗಳು, ತುತ್ತೂರಿಗಳು. ಹಾಡುವವರು ಮಾತ್ರ ಒಬ್ಬರೂ ಇಲ್ಲ. ಗುಲಾಬಿ ಒಂದು ಸಲ ಶ್ರೀಪತಿಯ ಮುಖ ನೋಡಿದಳು. ಅವನು ಕರಿಪಫ್ ನೋಡುತ್ತಿದ್ದ.

“ನನ್ನ ಸಂಗೀತ ನಿಮ್ಮ ದೇಶದವರೆಗೆ ಬಂದಿತ್ತೆಂದು ನನಗೆ ಗೊತ್ತೇ ಇರಲಿಲ್ಲ,” ಎಂದರು ಪರ್ಕಿಸ್. ಮಾತೆಲ್ಲ ಇಂಗ್ಲಿಷಿನಲ್ಲೇ, ಒಂದೊಂದು ಪದವನ್ನೂ ಒರೆಸಿ ಇಟ್ಟ ಹಾಗೆ. “ನಾವು ಬರೆಯುತ್ತಿದ್ದದ್ದು ಮೂರು ಮೂರು ನಿಮಿಷದ ತುಣುಕುಗಳು. ಮಧ್ಯಾಹ್ನ ಹೆಂಗಸರು ಬಟ್ಟೆ ಇಸ್ತ್ರಿ ಮಾಡುವಾಗ ರೇಡಿಯೋದಲ್ಲಿ ಬರುವಂಥವು. ಆಮೇಲೆ ಥಿಯೇಟರ್ ಸೇರಿದೆ. ತೆರೆ ಏಳುವ ಮೊದಲು, ತೆರೆ ಬಿದ್ದ ಮೇಲೆ, ನಡುವೆ ಇಂಟರ್ವಲ್‌ನಲ್ಲಿ ನುಡಿಸುವ ಸಂಗೀತ. ‘ಸೀರಿಯಸ್’ ಸಂಗೀತದವರು ನಮ್ಮನ್ನು ಲೈಟ್ ಎಂದು ಕರೆದದ್ದು ಹೊಗಳಿಕೆಗಲ್ಲ. ಆಮೇಲೆ ಗಿಟಾರು ಹಿಡಿದ ಹುಡುಗರು ಬಂದರು. ರೇಡಿಯೋದವರು ನಮ್ಮ ವಾದ್ಯವೃಂದಗಳನ್ನೆಲ್ಲ ಮನೆಗೆ ಕಳುಹಿಸಿದರು. ನಾನು ಟೂತ್‌ಪೇಸ್ಟ್ ಜಾಹೀರಾತಿಗೆ ಬರೆದೆ, ಹಡಗಿನಲ್ಲಿ ಪಿಯಾನೊ ಬಾರಿಸಿದೆ.” ಅವರು ಕಪ್ಪನ್ನು ಸಾಸರಿನ ಮೇಲೆ ಸರಿಯಾಗಿ ಕೂರಿಸಿದರು. “ನಿಮ್ಮಲ್ಲಿ ಇದಕ್ಕೆ ಮಕ್ಕಳಿಗೆ ಸ್ಪರ್ಧೆ ಇಡುತ್ತಾರೆಯೇ?”

“ಸ್ಪರ್ಧೆ ಒಂದೇ ಅಲ್ಲ ಸರ್,” ಶ್ರೀಪತಿ ಬಾಯಲ್ಲಿದ್ದದ್ದನ್ನು ನುಂಗಿ ಹೇಳಿದ. “ನಮ್ಮಲ್ಲಿ ರೇಡಿಯೋದವರು ಪರೀಕ್ಷೆ ಮಾಡಿ ಗ್ರೇಡ್ ಕೊಡ್ತಾರೆ. ನಮ್ ಮೇಡಂ ಲೈಟ್ ಮ್ಯೂಸಿಕ್‌ನಲ್ಲಿ ಬಿ ಗ್ರೇಡ್!”

ಪರ್ಕಿಸ್ ಕನ್ನಡಕ ತೆಗೆದರು. ಗುಲಾಬಿಯನ್ನು ನೋಡಿದರು. “ರೇಡಿಯೋದವರೇ ಪರೀಕ್ಷೆ ಮಾಡುತ್ತಾರೆ,” ಎಂದು ತಮಗೆ ತಾವೇ ಹೇಳಿಕೊಂಡರು. “ಲೈಟ್ ಮ್ಯೂಸಿಕ್‌ಗೆ. ನಾನು ತಪ್ಪು ದೇಶದಲ್ಲಿ ಹುಟ್ಟಿಬಿಟ್ಟೆ.”

ಹೇಳಬೇಕಿದ್ದರೆ ಆಗಲೇ ಹೇಳಬೇಕಿತ್ತು. ಅಯ್ಯೋ ಸರ್, ಸಣ್ಣದೊಂದು ತಪ್ಪಾಗಿದೆ, ನಮ್ಮ ಲೈಟ್ ಮ್ಯೂಸಿಕ್ಕೇ ಬೇರೆ ಎಂದು ನಕ್ಕುಬಿಟ್ಟಿದ್ದರೆ ಅವರೂ ನಗುತ್ತಿದ್ದರೇನೋ. ಗುಲಾಬಿ ಬಾಯಿ ತೆರೆದದ್ದೂ ಹೌದು. ಅಷ್ಟರಲ್ಲಿ ಮುದುಕರು ಅವಳತ್ತ ಬಾಗಿ, “ನೀವು ಕೇಳಿದ್ದೀರಾ, ನನ್ನದು ಏನನ್ನಾದರೂ?” ಎಂದರು. ಬೆಳಿಗ್ಗೆಯಿಂದ ದಾರಿ ಕಾದವರಿಗೆ ಇಲ್ಲ ಎಂದು ಹೇಗೆ ಹೇಳುವುದು?

“ಸಣ್ಣವಳಿದ್ದಾಗ ರೇಡಿಯೋದಲ್ಲಿ ಕೇಳಿದ್ದೇನೆ,” ಎಂದಳು ಗುಲಾಬಿ. ಬಾಯಿಂದ ಹೊರಟ ಮೇಲೆ ಅವಳಿಗೇ ಗಾಬರಿಯಾಯಿತು.

ಸಾಲದ್ದಕ್ಕೆ ಹೊರಡುವಾಗ ಇನ್ನೊಂದು. ತಮ್ಮನ್ನು ಡೆಸ್ಮಂಡ್ ಎಂದೇ ಕರೆಯಬೇಕೆಂದು ಅವರು ಹೇಳಿದರು. ತಂದೆಯ ವಯಸ್ಸಿನವರನ್ನು ಹೆಸರು ಹಿಡಿದು ಕರೆಯುವುದು ಉಡುಪಿಯವಳಿಂದ ಆಗುವ ಕೆಲಸವಲ್ಲ. ಅವಳ ಊರಿನಲ್ಲಿ ಶಾಲೆ ಕಲಿಸುವವರು, ಸಂಗೀತ ಕಲಿಸುವವರು ಎಲ್ಲರೂ ಮಾಷ್ಟ್ರು. “ಬರ್ತೇನೆ ಮಾಷ್ಟ್ರೇ,” ಎಂದು ಕೈ ಮುಗಿದಳು. ಮುದುಕರು ಇದ್ದಕ್ಕಿದ್ದಂತೆ ನೆಟ್ಟಗಾದರು. ಕಣ್ಣಲ್ಲಿ ನೀರು ಬಂತು. “ಮಾಯಿಸ್ಟ್ರೊ,” ಎಂದರು. “ನನ್ನನ್ನು ಯಾರೂ ಹಾಗೆ ಕರೆದಿರಲಿಲ್ಲ.” ದೊಡ್ಡ ದೊಡ್ಡ ಸಂಗೀತಗಾರರನ್ನು ಅವರಲ್ಲಿ ಹಾಗೆ ಕರೆಯುತ್ತಾರೆಂದು ಗುಲಾಬಿಗೆ ಗೊತ್ತಾದದ್ದು ಲಿಫ್ಟಿನಲ್ಲಿ, ಶ್ರೀಪತಿ ಹೇಳಿದಾಗ.

ಕಾರಿನಲ್ಲಿ ಅವಳು ಶ್ರೀಪತಿಗೆ ಚೆನ್ನಾಗಿ ಬೈದಳು. ಅವನ ಮುಖ ಪೆಚ್ಚಾಯಿತು. “ಈಗ ಏನ್ ಮಾಡೋದು ಮೇಡಂ? ಕ್ಯಾನ್ಸಲ್ ಅಂತ ಹೇಳ್ಬಿಡ್ಲಾ?” ಎಂದ.

“ಹೇಳಿ ನೋಡಿ, ಆಮೇಲೆ ಉಂಟು ನಿಮಗೆ! ಅವರಿಗೆ ಒಂದಕ್ಷರ ಗೊತ್ತಾಗಬಾರದು. ಅವರು ಬರಬೇಕು, ಕೂರಬೇಕು, ಖುಷಿಯಿಂದ ವಾಪಸ್ ಹೋಗಬೇಕು. ಅವರದೊಂದು ಸಂಗೀತ ಅವತ್ತು ಅಲ್ಲಿ ಹಾಕಲೇಬೇಕು.”

ಮನೆಯಲ್ಲಿ ಐತಪ್ಪ ಎಲ್ಲ ಕೇಳಿ ಪೇಪರ್ ಮಡಚಿಟ್ಟರು. “ಸುಳ್ಳು ಹೇಳುವುದು ಸುಲಭ ಮಾರಾಯ್ತಿ. ಅದನ್ನು ಸಾಕುವುದು ಕಷ್ಟ. ನಾಳೆ ಅವರು ಯಾವುದು ಕೇಳಿದ್ದೀ ಅಂತ ಕೇಳಿದರೆ?”

ಅದೇ ಭಯಕ್ಕೆ ಗುಲಾಬಿ ಕೇಳತೊಡಗಿದಳು. ಶ್ರೀಪತಿ ಇಂಟರ್ನೆಟ್ಟಿನ ಮೂಲೆ ಮೂಲೆ ಕೆದಕಿ ಪರ್ಕಿಸರ ಹತ್ತಿಪ್ಪತ್ತು ತುಣುಕುಗಳನ್ನು ಕಳುಹಿಸಿದ. ‘ವಿನಿ ಅತ್ತೆಯ ಛತ್ರಿ’ ಎಂದು ಒಂದಕ್ಕೆ ಹೆಸರು. ‘ಪೋಸ್ಟ್‌ಮ್ಯಾನಿನ ರಜಾದಿನ’ ಎಂದು ಇನ್ನೊಂದಕ್ಕೆ. ಮೊದಮೊದಲು ಅವಳಿಗೆ ಎಲ್ಲವೂ ಬ್ಯಾಂಕಿಗೆ ಫೋನ್ ಮಾಡಿದಾಗ ಕಾಯಿಸುವ ಹೊತ್ತಿನ ಸಂಗೀತದ ಹಾಗೇ ಕೇಳಿಸಿತು. ಬೇಸರ ಬಂತು. ಪರೀಕ್ಷೆಗೆ ಓದುವವಳ ಹಾಗೆ, ಬೀನ್ಸ್ ಹೆಚ್ಚುತ್ತ, ದೋಸೆ ಹೊಯ್ಯುತ್ತ ಕೇಳಿದಳು.

ಹಾಗೆ ಕೇಳುತ್ತಿದ್ದಾಗ ಒಂದು ದಿನ ಬೀನ್ಸ್ ಹೆಚ್ಚುವ ಕೈ ನಿಂತಿತು. ಅದು ಯಾವುದೋ ನಾಟಕದ ಇಂಟರ್ವಲ್ಲಿನದು. ಹೆಸರೂ ಇಲ್ಲ, ಬರೀ ‘ಎರಡನೆಯ ಅಂಕಕ್ಕೆ ಮೊದಲು’ ಎಂದಿತ್ತು. ಪಿಟೀಲುಗಳೆಲ್ಲ ಸುಮ್ಮನಾಗಿ, ಪಿಟೀಲಿನ ದೊಡ್ಡಣ್ಣನಂಥ ಚೆಲ್ಲೊ ಒಂದೇ ಹೊರಟಿತು. ಮೋಹನ ರಾಗದ ದಾರಿಯಲ್ಲೇ ಹೋಗುತ್ತಿದೆ ಎಂದು ಗುಲಾಬಿ ಅಂದುಕೊಳ್ಳುತ್ತಿರುವಾಗ, ಇಳಿಯುವಲ್ಲಿ ಅದು ಒಂದು ಅನ್ಯಸ್ವರವನ್ನು ಮೆಲ್ಲಗೆ ಮುಟ್ಟಿತು. ಮುಟ್ಟಬಾರದ್ದನ್ನು ಮುಟ್ಟಿ, ಏನೂ ಆಗಿಲ್ಲವೆಂಬಂತೆ ಮುಂದೆ ಹೋಯಿತು. ಗುಲಾಬಿಗೆ ಕಣ್ಣು ತುಂಬಿ ಬಂತು. ಯಾಕೆಂದು ಕೇಳಿದರೆ ಅವಳಿಗೇ ಗೊತ್ತಿರಲಿಲ್ಲ. ಎಂದೋ ತೀರಿಹೋದ ಅಮ್ಮ ನೆನಪಾದಳು. ಹಾಡು ಬಿಟ್ಟ ತನ್ನ ವಯಸ್ಸು ನೆನಪಾಯಿತು. ಅವತ್ತಿನಿಂದ ಅವಳು ಬೇರೆ ಯಾವುದನ್ನೂ ಹಾಕಲಿಲ್ಲ. ರೈಲಿನಲ್ಲಿ, ಮಾರ್ಕೆಟ್ಟಿನಲ್ಲಿ ಅದನ್ನೇ ಗುನುಗತೊಡಗಿದಳು. ಪ್ರೀತಿ ಎಂಬುದು ಹಾಗೆಯೇ, ಹೇಳಿ ಕೇಳಿ ಬರುವುದಿಲ್ಲ.

ಸ್ಪರ್ಧೆಗೆ ಮುಂಚೆ ಅವಳು ಪರ್ಕಿಸರ ಮನೆಗೆ ನಾಲ್ಕಾರು ಸಲ ಹೋದಳು. ಕಾರ್ಯಕ್ರಮದ ವಿವರ ಹೇಳುವುದು ನೆಪ. ಅವರು ಹಳೆಯ ಕಥೆಗಳನ್ನು ಹೇಳುತ್ತಿದ್ದರು. ಅವರ ಜೀವದ ಕೆಲಸವೆಂದರೆ ಒಂದು ಸಂಗೀತ ನಾಟಕ. ಸಮುದ್ರ ತೀರದ ವಸತಿಗೃಹವೊಂದರ ಕಥೆ. ಲಂಡನ್ನಿನಲ್ಲಿ ತೆರೆ ಎದ್ದು ಎರಡೇ ವಾರಕ್ಕೆ ಬಿತ್ತು.

“ಕೊನೆಯ ಪ್ರದರ್ಶನಕ್ಕೆ ಹಾಲ್ ತುಂಬಿದ ಹಾಗೆ ಕಾಣಲೆಂದು ಆಸ್ಪತ್ರೆಯ ನರ್ಸುಗಳಿಗೆ ಪುಕ್ಕಟೆ ಟಿಕೆಟ್ ಹಂಚಿದ್ದರು. ಇಂಟರ್ವಲ್ ಆಯಿತು. ಎಲ್ಲರೂ ಐಸ್‌ಕ್ರೀಮಿಗೆ ಎದ್ದರು. ನಾವು ನುಡಿಸುತ್ತಿದ್ದೆವು. ಒಬ್ಬಳು ಮಾತ್ರ ಕೂತೇ ಇದ್ದಳು, ಕಣ್ಣು ಮುಚ್ಚಿಕೊಂಡು. ನಾಟಕ ಮುಗಿದ ಮೇಲೆ ಹೋಗಿ ಮಾತಾಡಿಸಿದೆ. ಹೆಸರು ಸ್ವೀ ಲಾನ್. ಇದೇ ದೇಶದ ಇಪೋ ಊರಿನ ಹುಡುಗಿ.” ಅವರು ಗೋಡೆಯ ಮೇಲಿದ್ದ, ತೀರಿಕೊಂಡ ಹೆಂಡತಿಯ ಫೋಟೊ ನೋಡಿದರು. “ಮದುವೆಯಾಗಿ ಎಷ್ಟೋ ವರ್ಷದ ಮೇಲೆ ಹೇಳಿದಳು, ಅವತ್ತು ಡ್ಯೂಟಿ ಮುಗಿಸಿ ಕಾಲು ನೋಯುತ್ತಿತ್ತು, ಅದಕ್ಕೇ ಏಳಲಿಲ್ಲ ಎಂದು. ತಮಾಷೆಗೆ ಹೇಳಿದಳೆಂದೇ ನಾನು ಅಂದುಕೊಂಡಿದ್ದೇನೆ.”

ಇಬ್ಬರೂ ನಕ್ಕರು. ಅವತ್ತು ಇಂಟರ್ವಲ್ಲಿನಲ್ಲಿ ಅವರು ನುಡಿಸಿದ್ದು ಗುಲಾಬಿಯ ಮನಸ್ಸಿನಲ್ಲಿದ್ದ ಆ ‘ಎರಡನೆಯ ಅಂಕಕ್ಕೆ ಮೊದಲು’ ಸಂಗೀತವನ್ನೇ. ನಿಮ್ಮ ಆ ಚೆಲ್ಲೊ, ಆ ಅನ್ಯಸ್ವರ, ಅದನ್ನು ಈ ತಿಂಗಳು ಮೊದಲ ಸಲ ಕೇಳಿ ನನಗೆ ನಿದ್ದೆ ಹಾರಿಹೋಗಿದೆ ಮಾಷ್ಟ್ರೇ ಎಂಬ ಮಾತು ತುಟಿಯ ತನಕ ಬಂತು. ಹೇಗೆ ಹೇಳುವುದು? ಸಣ್ಣವಳಿದ್ದಾಗಲೇ ರೇಡಿಯೋದಲ್ಲಿ ಕೇಳಿದ್ದೇನೆ ಎಂದಿದ್ದಳಲ್ಲ! ನಿಜ ಹೇಳಿದರೆ ಸುಳ್ಳು ಹೊರಬೀಳುತ್ತದೆ. ಬಿಸಿತುಪ್ಪ, ನುಂಗುವ ಹಾಗಿಲ್ಲ, ಉಗುಳುವ ಹಾಗಿಲ್ಲ. ಅವಳು ಟೀ ಕುಡಿದು ಎದ್ದು ಬಂದಳು.

ಸ್ಪರ್ಧೆಯ ದಿನ ಬಂತು. ಬಾಡಿಗೆಗೆ ಹಿಡಿದ ಹಾಲಿನಲ್ಲಿ ರೇಷ್ಮೆ ಸೀರೆಗಳ ಸರಬರ, ಹಿಂದಿನ ಮೇಜಿನ ಮೇಲೆ ತಮಿಳು ಮುಸಲ್ಮಾನರ ಮಮಕ್ ಅಂಗಡಿಯಿಂದ ಟಪಾವ್ ಎಂದು ಕಟ್ಟಿಸಿ ತಂದ, ನೊರೆಯೆಬ್ಬಿಸಿದ ತೆಹ್ ತಾರಿಕ್ ಚಹಾ, ಪಕ್ಕದ ಊರು ಪುಚೊಂಗಿನ ಹೆಂಗಸರು ಮಾಡಿದ ಬೋಂಡ, ಕೇಸರಿಬಾತು. ಪರ್ಕಿಸ್ ಕಪ್ಪು ಸೂಟಿನಲ್ಲಿ ಬಂದರು. ಮುಂದಿನ ಸಾಲಿನಲ್ಲಿ ಗುಲಾಬಿಯ ಪಕ್ಕ ಕೂತರು. ನಿರೂಪಣೆ ಶ್ರೀಪತಿಯ ಮಗಳು ಇಂಚರಳದು.

ಮಕ್ಕಳು ಒಬ್ಬೊಬ್ಬರಾಗಿ ಬಂದು ಹಾಡಿದರು. ಶ್ರುತಿ ತಪ್ಪಿದವರೂ ಇದ್ದರು, ಸಾಹಿತ್ಯ ಮರೆತು ಅಮ್ಮನ ಮುಖ ನೋಡಿದವರೂ ಇದ್ದರು. ಪರ್ಕಿಸ್ ಪ್ರತಿಯೊಬ್ಬರಿಗೂ ತಲೆದೂಗಿ, ಚಪ್ಪಾಳೆ ತಟ್ಟಿ, ಮಾರ್ಕು ಹಾಕಿದರು. ಅಷ್ಟೂ ಮುಗಿದ ಮೇಲೆ ಗುಲಾಬಿಯ ಕಡೆ ಬಾಗಿ ಮೆಲ್ಲಗೆ ಕೇಳಿದರು.

“ತುಂಬಾ ಚೆನ್ನಾಗಿದೆ. ಲೈಟ್ ಮ್ಯೂಸಿಕ್ ಯಾವಾಗ ಶುರು?”

“ಈಗ ಮಾಷ್ಟ್ರೇ,” ಎಂದಳು ಗುಲಾಬಿ. “ಈಗ ನಿಮ್ಮದೇ.” ಶ್ರೀಪತಿಗೆ ಕಣ್ಣಿನಲ್ಲೇ ಸನ್ನೆ ಮಾಡಿದಳು.

ಯಾವುದು ಹಾಕಬೇಕೆಂದು ಆರಿಸಿದವಳು ಅವಳೇ. ಇಂಚರ ಇಂಗ್ಲಿಷಿನಲ್ಲಿ ಎರಡು ಮಾತು ಹೇಳಿದಳು. ಮೈಕು ಕಿರುಗುಟ್ಟಿ ಅದು ಯಾರಿಗೂ ಕೇಳಿಸಲಿಲ್ಲ. ಸ್ಪೀಕರುಗಳಲ್ಲಿ ಪಿಟೀಲುಗಳು ಎದ್ದವು. ಹಾಲಿನಲ್ಲಿದ್ದವರು ಒಂದು ಕ್ಷಣ ಕಿವಿಗೊಟ್ಟರು. ಹಾಡು ಇಲ್ಲ, ಮಾತಿಲ್ಲ, ವೇದಿಕೆಯ ಮೇಲೆ ಯಾರೂ ಇಲ್ಲ. ಯಾರೋ ಒಬ್ಬರು, “ಬ್ರೇಕು, ಬ್ರೇಕು,” ಎಂದರು. ಅಷ್ಟು ಸಾಕಾಯಿತು. ಇಡೀ ಹಾಲು ಎದ್ದು ನಿಂತಿತು. ಕುರ್ಚಿಗಳು ಕಿರ್ರೆಂದವು. “ಬೋಂಡ ಬಿಸಿ ಇದೆ, ಬನ್ನಿ ಬನ್ನಿ,” ಎಂದು ಹಿಂದಿನಿಂದ ಕೂಗು. ಮಕ್ಕಳು ಸಾಲುಗಳ ನಡುವೆ ಓಡಿದವು. ಚೆಲ್ಲೊ ಬರುವ ಹೊತ್ತಿಗೆ ಪ್ಲೇಟುಗಳ ಸದ್ದು ಅದರ ಮೇಲೆ ಕೂತಿತ್ತು.

ಗುಲಾಬಿ ಉರಿದುಹೋದಳು. ಎದ್ದು ಮೈಕಿನ ಕಡೆ ಹೊರಟವಳನ್ನು ಪರ್ಕಿಸ್ ಕೈ ಹಿಡಿದು ಕೂರಿಸಿದರು.

“ಬಿಡಿ. ಇದನ್ನು ಬರೆದದ್ದೇ ಇಂಟರ್ವಲ್ಲಿಗೆ. ಜನ ಸರಿಯಾಗಿಯೇ ಅರ್ಥ ಮಾಡಿಕೊಂಡಿದ್ದಾರೆ.” ಅವರು ನಕ್ಕರು. ಆ ನಗು ನೋಡಲಾಗಲಿಲ್ಲ. “ನೀವು ಯಾಕೆ ಏಳಲಿಲ್ಲ? ನಿಮಗೂ ಕಾಲು ನೋವೇ?”

ಅವರು ಖಾಲಿ ವೇದಿಕೆಯನ್ನು ನೋಡುತ್ತ ಕೇಳಿದರು. “ಗುಲಾಬಿ, ಇಲ್ಲಿ ಯಾರಿಗೂ ನಾನು ಯಾರೆಂದು ಗೊತ್ತಿಲ್ಲ, ಅಲ್ಲವೇ? ನನ್ನನ್ನು ಯಾಕೆ ಕರೆದಿರಿ? ದಯವಿಟ್ಟು ನಿಜ ಹೇಳಿ.”

ಇನ್ನೊಂದು ಸುಳ್ಳು ಹೇಳುವ ಧೈರ್ಯ ಅವಳಿಗಿರಲಿಲ್ಲ. ಹೇಳಿದಳು. ನಮ್ಮಲ್ಲಿ ಲೈಟ್ ಮ್ಯೂಸಿಕ್ ಎಂದರೆ ಈಗ ಮಕ್ಕಳು ಹಾಡಿದ್ದು. ಕವಿತೆಗೆ ಧಾಟಿ ಕಟ್ಟಿ ಹಾಡುವುದು. ಹೆಸರೊಂದೇ ಆದ್ದರಿಂದ ತಪ್ಪಾಯಿತು. ಮೊದಲ ದಿನವೇ ಗೊತ್ತಾಯಿತು, ಹೇಳಲಾಗಲಿಲ್ಲ.

“ರೇಡಿಯೋದಲ್ಲಿ ಕೇಳಿದ್ದು?”

“ಇಲ್ಲ ಸರ್.”

“ಮಾಯಿಸ್ಟ್ರೊ ಎಂದದ್ದು?”

“ಮಾಷ್ಟ್ರು ಅಂದ್ರೆ ನಮ್ಮ ಕಡೆ ಮೇಷ್ಟ್ರು ಸರ್. ಸ್ಕೂಲ್ ಮಾಸ್ಟರ್.” ಅವಳು ಆತುರದಿಂದ ಸೇರಿಸಿದಳು. “ಆದರೆ ಅದು ದೊಡ್ಡ ಗೌರವದ ಮಾತು.”

“ಖಂಡಿತ,” ಎಂದರು ಪರ್ಕಿಸ್. “ಖಂಡಿತ ಇರಬೇಕು.” ಸಂಗೀತ ಯಾವಾಗ ಮುಗಿಯಿತೋ ಇಬ್ಬರಿಗೂ ತಿಳಿಯಲಿಲ್ಲ.

ಇಷ್ಟಾದರೂ ಮನುಷ್ಯ ಎದ್ದು ಹೋಗಲಿಲ್ಲ ನೋಡಿ. ಚಹಾ ಮುಗಿದ ಮೇಲೆ ವೇದಿಕೆ ಹತ್ತಿದರು. ಶ್ರೀಪತಿ ಶಾಲು ಹೊದಿಸಿ, ಹಣ್ಣಿನ ಬುಟ್ಟಿ ಕೊಟ್ಟು, ಮೈಸೂರು ಪೇಟ ತೊಡಿಸಿದ. ಪೇಟ ದೊಡ್ಡದಾಗಿ ಕಿವಿಯವರೆಗೆ ಇಳಿಯಿತು. ಸ್ಮರಣಿಕೆಯ ಮೇಲೆ ‘ಸುಗಮ ಸಂಗೀತದ ಮೇರು ಪ್ರತಿಭೆ’ ಎಂದು ಕನ್ನಡದಲ್ಲಿ ಬರೆಸಿದ್ದರು. ಅವರು ಮಕ್ಕಳ ಬೆನ್ನು ತಟ್ಟಿದರು, ಬಹುಮಾನ ಕೊಟ್ಟರು, ಎಲ್ಲರ ಜೊತೆ ಫೋಟೊಗೆ ನಿಂತರು. ಭಾಷಣ ಮಾಡಿ ಎಂದಾಗ, “ನನ್ನನ್ನು ಕರೆದದ್ದಕ್ಕೆ ಧನ್ಯವಾದ. ಇಂದು ನಾನು ಹೊಸತೊಂದನ್ನು ಕಲಿತೆ,” ಎಂದಷ್ಟೇ ಹೇಳಿದರು. ಜನ ಜೋರಾಗಿ ಚಪ್ಪಾಳೆ ತಟ್ಟಿದರು. ಶ್ರೀಪತಿ ಬಂದು, “ಕಾರ್ಯಕ್ರಮ ಸೂಪರ್ ಆಯ್ತಲ್ವಾ ಮೇಡಂ, ಅವ್ರಿಗೆ ಡೌಟೇ ಬರ್ಲಿಲ್ಲ,” ಎಂದ.

ಆಮೇಲೆ ಅವಳು ಎರಡು ಸಲ ಫೋನ್ ಮಾಡಿದಳು. ಪರ್ಕಿಸ್ ಎತ್ತಿದರು, ಆರೋಗ್ಯ ವಿಚಾರಿಸಿದರು, ಮಳೆಯ ಬಗ್ಗೆ ಮಾತಾಡಿದರು. ಬನ್ನಿ ಎಂದು ಮಾತ್ರ ಹೇಳಲಿಲ್ಲ. ಆ ಸಭ್ಯತೆಯೇ ಅವಳನ್ನು ಕೊಂದಿತು. ಬೈದಿದ್ದರೆ ಎಷ್ಟೋ ಮೇಲಿತ್ತು. ತಾನು ಹೇಳಿದ್ದೆಲ್ಲ ಸುಳ್ಳೆಂದು ಅವರು ನಂಬಿದ್ದಾರೆ. ಆದರೆ ಒಂದು ನಿಜ ಉಳಿದುಕೊಂಡಿದೆ, ಅದನ್ನು ತಾನು ಇನ್ನೂ ಹೇಳಿಯೇ ಇಲ್ಲ. ಅದೊಂದನ್ನು ಅವರು ತಿಳಿಯದೆ ಹೋಗಬಾರದು. ಅವಳಿಗೆ ಊಟ ಸೇರದಾಯಿತು.

“ಹೋಗಿ ಹೇಳಿ ಬಾ,” ಎಂದರು ಐತಪ್ಪ. “ನಾನು ಕಾರಿನಲ್ಲಿ ಬಿಡ್ತೇನೆ. ಕೆಳಗೆ ಕಾಯ್ತೇನೆ.”

ಬಾಗಿಲು ತೆರೆದ ಪರ್ಕಿಸ್ ಮನೆಯ ಹಳೆಯ ಅಂಗಿಯಲ್ಲಿದ್ದರು. ಗುಲಾಬಿ ಚೇರಿನ ತುದಿಯಲ್ಲಿ ಕೂತಳು. “ಅವತ್ತು ನಾನು ಸುಳ್ಳು ಹೇಳಿದೆ ಸರ್. ಇವತ್ತು ನಿಜ ಹೇಳಲಿಕ್ಕೆ ಬಂದದ್ದು. ನಿಮ್ಮ ಮುಂದೆ ಸಿಕ್ಕಿಬೀಳಬಾರದು ಅಂತ ನಿಮ್ಮ ಸಂಗೀತ ಕೇಳಲು ಶುರು ಮಾಡಿದೆ, ಹೌದು. ಆದರೆ ಆ ಚೆಲ್ಲೊ... ಅದು ನನ್ನನ್ನು ಬಿಡ್ತಾ ಇಲ್ಲ. ನಾನು ಸಣ್ಣಂದಿನಿಂದ ಹಾಡು ಕೇಳಿದವಳು. ಇಂಥದ್ದು ಕೇಳಿರಲಿಲ್ಲ.”

ಪರ್ಕಿಸ್ ಸೌಜನ್ಯದಿಂದ ತಲೆಯಾಡಿಸಿದರು. ಮಾತಿನಿಂದ ಆಗುವ ಕೆಲಸವಲ್ಲವೆಂದು ಗುಲಾಬಿಗೆ ಅನಿಸಿತು. ಕಣ್ಣು ಮುಚ್ಚಿದಳು. ಎಷ್ಟೋ ವರ್ಷಗಳಿಂದ ಯಾರ ಮುಂದೆಯೂ ಒಬ್ಬಳೇ ಹಾಡದವಳು, ಹಾರ್ಮೋನಿಯಂ ಇಲ್ಲದೆ, ಶ್ರುತಿಯಿಲ್ಲದೆ ಹಾಡಿದಳು. ಪದಗಳಿರಲಿಲ್ಲ, ಬರೀ ‘ಆ’ಕಾರ. ಸ್ವರವನ್ನು ತೂಗಲಿಲ್ಲ, ಜಾರಿಸಲಿಲ್ಲ. ಅವರು ಬರೆದ ಹಾಗೆಯೇ ಇಟ್ಟಳು. ಇಳಿಯುವಲ್ಲಿ ಆ ಅನ್ಯಸ್ವರವನ್ನು ಮುಟ್ಟಿ ಮುಂದೆ ಹೋದಳು. ಕಣ್ಣು ತೆರೆದಾಗ ಮುದುಕರ ಬೆರಳುಗಳು ಕುರ್ಚಿಯ ಕೈಯ ಮೇಲೆ ತಾಳ ಹಿಡಿದು ನಿಂತಿದ್ದವು.

“ಆ ಸ್ವರವನ್ನು ಸರಿಯಾಗಿ ಹಿಡಿದಿದ್ದೀರಿ,” ಎಂದರು. “ನಮ್ಮ ಚೆಲ್ಲೊದವನಿಗೆ ಎರಡು ವಾರ ಬೇಕಾಯಿತು. ನೀವು ಬಹಳ ಕಷ್ಟಪಟ್ಟು ಕಲಿತಿದ್ದೀರಿ.”

“ಕಷ್ಟಪಡಲಿಲ್ಲ ಸರ್, ತಾನಾಗಿ ಬಂತು.”

“ನನಗೆ ಬೇಸರವಾಗಿದೆಯೆಂದು ಇಷ್ಟೆಲ್ಲ ಕಲಿತು ಬಂದಿರಿ.”

“ನಿಮಗೋಸ್ಕರ ಅಲ್ಲ ಸರ್! ನನಗೋಸ್ಕರ. ದೇವರಾಣೆಗೂ.”

ಅವರು ಎದ್ದು ಬಂದು ಅವಳ ಕೈಯನ್ನು ತಮ್ಮ ಎರಡೂ ಕೈಗಳಲ್ಲಿ ಹಿಡಿದುಕೊಂಡರು. ಕಣ್ಣಲ್ಲಿ ಕೋ‌ಪವಿರಲಿಲ್ಲ, ಪ್ರೀತಿಯೇ ಇತ್ತು. “ನೀವು ತುಂಬಾ ಒಳ್ಳೆಯ ಹೆಂಗಸು,” ಎಂದರು. “ಮೊದಲ ದಿನವೂ ಒಳ್ಳೆಯತನದಿಂದಲೇ ಹೇಳಿದಿರಿ. ಇವತ್ತೂ ಅಷ್ಟೇ. ಥ್ಯಾಂಕ್ಯೂ, ಗುಲಾಬಿ.”

ಅದಕ್ಕಿಂತ ಹೆಚ್ಚಿನ ಸಾಕ್ಷಿ ಅವಳ ಹತ್ತಿರ ಇರಲಿಲ್ಲ. ಇದ್ದದ್ದು ಒಂದು ದನಿ, ಅದನ್ನು ಕೊಟ್ಟಾಗಿತ್ತು. ಅವರು ಲಿಫ್ಟಿನವರೆಗೆ ಬಂದರು, ತಾವೇ ಗುಂಡಿ ಒತ್ತಿದರು, ಬಾಗಿಲು ಮುಚ್ಚುವವರೆಗೆ ನಿಂತಿದ್ದರು.

ಕೆಳಗೆ ಕಾರಿನಲ್ಲಿ ಐತಪ್ಪ ಎಸಿ ಹಾಕಿಕೊಂಡು ಕೂತಿದ್ದರು. ಗುಲಾಬಿ ಹತ್ತಿ ಕೂತು ಬೆಲ್ಟು ಹಾಕಿಕೊಂಡಳು. ಅವರು ಅವಳ ಮುಖ ನೋಡಿದರು.

“ಹೇಳಿದ್ಯಾ?”

“ಹೇಳಿದೆ. ಹಾಡಿದೆ ಸಹ.”

“ನಂಬಿದರಾ?”

“ಥ್ಯಾಂಕ್ಯೂ ಅಂದರು,” ಎಂದು ಹೇಳಿ ಗುಲಾಬಿ ಸೀರೆಯ ಸೆರಗನ್ನು ಬಾಯಿಗೆ ಒತ್ತಿಕೊಂಡು ಅಳತೊಡಗಿದಳು.